ಬೀಳದ ಚೆಂಡು

ತೊಂಬತ್ತರ ದಶಕದ ಮಾತು. ವೃತ್ತಿಪರ ಗಾಲ್ಫ್ ಆಟಗಾರರ ರಾಷ್ಟ್ರೀಯ ಟೂರಿನಲ್ಲಿ ನನಗದು ಮೊದಲ ವರ್ಷ. ನಾಲ್ಕು ಊರುಗಳಲ್ಲಿ ನಾಲ್ಕು ನಾಲ್ಕು ದಿನದ ಟೂರ್ನಿಗಳನ್ನು ಆಡಿ, ನಾಲ್ಕರಲ್ಲೂ ಎರಡನೇ ದಿನಕ್ಕೇ ಹೊರಬಿದ್ದಿದ್ದೆ. ಇನ್ನೊಂದು ಸಲ ಹೀಗಾದರೆ ಹಿಂದೂಪುರಕ್ಕೆ ಹೋಗಿ ಅಪ್ಪನ ಮಗ್ಗದ ಮುಂದೆ ಕೂರುವುದೆಂದು ತೀರ್ಮಾನಿಸಿ, ಕಲ್ಯಾಣದುರ್ಗದ ಅಕ್ಕನ ಮನೆಗೆ ಬಂದೆ.

ಕಡಲೆಕಾಯಿ ಕಿತ್ತ ಹೊಲ ಖಾಲಿಯಿತ್ತು. ಮಟಮಟ ಮಧ್ಯಾಹ್ನ ಇಪ್ಪತ್ತು ಚೆಂಡು ಸುರಿದುಕೊಂಡು ಅಭ್ಯಾಸಕ್ಕೆ ನಿಂತೆ. ಬೇವಿನ ಮರದಡಿ ಮುದುಕಿಯೊಬ್ಬಳು ಕೂತಿದ್ದಳು. ಕಣ್ಣೆರಡೂ ಬೆಳ್ಳಗಿದ್ದವು, ಏನೂ ಕಾಣದು.

"ಇದು ಬಲಕ್ಕೋಯ್ತದೆ ಕಣಪ್ಪ," ಅಂದಳು.

ನಾನಿನ್ನೂ ಕ್ಲಬ್ಬು ಎತ್ತಿರಲಿಲ್ಲ. ಹೊಡೆದೆ, ಬಲಕ್ಕೇ ಹೋಯಿತು.

"ಇದು ಬಂಡೆಗೆ."

ದೂರದ ಬಂಡೆ ಟಣ್ಣೆಂದಿತು.

ಹೀಗೆ ಹತ್ತೊಂಬತ್ತನ್ನೂ ಮೊದಲೇ ಹೇಳಿದಳು.

"ಹೆಂಗವ್ವಾ ಗೊತ್ತಾಯ್ತದೆ?"

"ಹೊಡೆಯೋಕ್ ಮುಂಚೆ ಹೆದರ್ಕೊಂತೀಯಲ್ಲ, ಆ ಉಸ್ರು ಕೇಳ್ತದೆ."

ಕೊನೆಯ ಚೆಂಡಿಗೆ ನಿಂತಾಗ ಕಿವಿ ನನ್ನತ್ತ ತಿರುಗಿಸಿ, "ಇದು ಬೀಳಾಕಿಲ್ಲ," ಅಂದಳು.

ಆ ವರ್ಷ ನಾನು ಅಷ್ಟು ಚೆನ್ನಾಗಿ ಹೊಡೆದದ್ದೇ ಇಲ್ಲ. ಚೆಂಡು ನೆಟ್ಟಗೆ ಮೇಲೇರಿ ಬಿಸಿಲಲ್ಲಿ ಕರಗಿತು. ಇಬ್ಬರೂ ಕಿವಿಗೊಟ್ಟು ಕಾದೆವು. ಬಿದ್ದ ಸದ್ದು ಬರಲೇ ಇಲ್ಲ. "ಪೋಯಿಂದಿ, ಹೋಯ್ತು ಕಣಪ್ಪ," ಎಂದು ಎದ್ದವಳು ಊರುಗೋಲೂ ಇಲ್ಲದೆ ಬೆಳುಗುಪ್ಪದ ದಾರಿ ಹಿಡಿದಳು.

ಭಾವನ ಜೊತೆ ಸಂಜೆಯವರೆಗೂ ಹುಡುಕಿದೆ. ಸಿಕ್ಕಿದ್ದು ಹತ್ತೊಂಬತ್ತೇ.

ಮುಂದಿನ ಟೂರ್ನಿಯಲ್ಲಿ ನಾಲ್ಕೂ ದಿನ ಆಡಿದೆ. ಹೊಸ ಕೋಚ್ ಯಾರೆಂದು ಜೊತೆಯವರು ಕೇಳಿದಾಗ ನಡೆದದ್ದನ್ನು ಹೇಳಿದೆ. ಯಾರೂ ನಗಲಿಲ್ಲ. ಒಬ್ಬನಂತೂ ಕಲ್ಯಾಣದುರ್ಗಕ್ಕೆ ಬಸ್ಸು ಎಷ್ಟು ಹೊತ್ತಿಗೆ ಎಂದು ವಿಚಾರಿಸಿದ.