ಬಲಗೈಯ ಬ್ರೇಕು

ತೊಂಬತ್ತರ ದಶಕದಲ್ಲಿ ನಾನು ಅಮೆರಿಕದ ಸ್ಯಾನ್ ಪೀಡ್ರೊ ಬಂದರಿನ ಬಳಿ ಒಂದು ಸೈಕಲ್ ಗೋದಾಮಿನಲ್ಲಿ ಕೆಲಸಕ್ಕಿದ್ದೆ. ಗಿರಾಕಿಗಳು ವಾಪಸು ಕಳಿಸಿದ ಸೈಕಲ್‌ಗಳನ್ನು ಗುಜರಿಗೆ ಹಾಕುವುದು ಅಲ್ಲಿನ ರೂಢಿ. ಚಕ್ರದ ಒಂದು ಕಡ್ಡಿ ಸೊಟ್ಟಗಾದರೂ ಮರಣದಂಡನೆಯೇ. ನಾನು ಅವನ್ನು ಬಿಚ್ಚಿ, ಒಂದರ ಚಕ್ರ ಇನ್ನೊಂದಕ್ಕೆ ಹಾಕಿ, ಆದಷ್ಟನ್ನು ಬದುಕಿಸುತ್ತಿದ್ದೆ. ಭೂಮಿಯನ್ನು ಉಳಿಸುವ ಈ ಸಮಿತಿಗೆ ಅಧ್ಯಕ್ಷ, ಕಾರ್ಯದರ್ಶಿ ಮತ್ತು ಸರ್ವ ಸದಸ್ಯರೂ ನಾನೇ.

ಗೋದಾಮಿನ ಯಜಮಾನರು ಮೈಸೂರಿನ ಸಾಹೇಬರು, ಇಪ್ಪತ್ತೈದು ವರ್ಷದಿಂದ ಇಲ್ಲೇ ಇದ್ದವರು. ನನ್ನ ಸಮಿತಿಗೆ ಅವರದು ಒಂದೇ ಷರತ್ತು: ತಾವೇ ಒಂದು ಸುತ್ತು ಓಡಿಸಿ ನೋಡದೆ ಯಾವ ಸೈಕಲ್ಲನ್ನೂ ಹೊರಗೆ ಬಿಡುವುದಿಲ್ಲ.

ಆ ವರ್ಷ ನನ್ನ ಹೆಂಡತಿಗೆ ವಾಲ್‌ನಟ್ ಎಂಬ ಊರಿನ ನಮ್ಮ ಮನೆಯಿಂದ ಎರಡು ಮೈಲಿ ದೂರದ ಲೈಬ್ರರಿಯಲ್ಲಿ ಕೆಲಸ ಸಿಕ್ಕಿತು. ಇದ್ದ ಒಂದೇ ಕಾರು ನಸುಕಿಗೇ ನನ್ನೊಂದಿಗೆ ಹೊರಡುತ್ತಿತ್ತು. ಸೋಮವಾರದಿಂದ ಅವಳು ತಾನಾಗಿ ತಲುಪದಿದ್ದರೆ ಕೆಲಸ ಬೇರೆಯವರ ಪಾಲು. ಉಡುಪಿಯಲ್ಲಿ ಸೈಕಲ್ ತುಳಿದೇ ಕಾಲೇಜು ಮುಗಿಸಿದವಳು. ಮೂರು ಗುಜರಿ ಸೈಕಲ್‌ಗಳಿಂದ ಅವಳಿಗೊಂದು ಕಟ್ಟಿದೆ.

ಶುಕ್ರವಾರ ಸಾಹೇಬರು ಹತ್ತಿದರು. ಅರ್ಧ ಸುತ್ತು ಗಂಭೀರವಾಗಿ ಸಾಗಿ ಬಲಗೈಯ ಬ್ರೇಕು ಹಿಡಿದರು. ಮುಂದಿನ ಚಕ್ರ ನಿಂತಿತು, ಸಾಹೇಬರು ನಿಲ್ಲಲಿಲ್ಲ. ಹ್ಯಾಂಡಲ್ ದಾಟಿ ರಟ್ಟಿನ ಪೆಟ್ಟಿಗೆಗಳ ರಾಶಿಯ ಮೇಲೆ ಆಸೀನರಾದರು.

“ಏನ್ರೀ ಇದು! ಈ ದೇಶದಲ್ಲಿ ಬಲಗೈ ಬ್ರೇಕು ಹಿಂದಿನ ಚಕ್ರಕ್ಕಲ್ವಾ? ಇದು ಹೊರಗೆ ಹೋಗಲ್ಲ, ಅಷ್ಟೇ.”

ಊರಿನ ಅಭ್ಯಾಸದಲ್ಲಿ ಅದನ್ನು ಮುಂದಿನ ಚಕ್ರಕ್ಕೆ ಜೋಡಿಸಿಬಿಟ್ಟಿದ್ದೆ. “ತಪ್ಪಾಯ್ತು, ಸಾಹೇಬ್ರೇ,” ಎಂದೆ.

“ಓಡಿಸೋರು ಯಾರು?”

“ನಮ್ಮನೆಯವಳು. ಉಡುಪೀಲಿ ಕಲ್ತಿದ್ದು. ಸೋಮವಾರದಿಂದ ಕೆಲಸಕ್ಕೆ ಹೋಗ್ಬೇಕು.”

ಸಾಹೇಬರು ಏಳಲಿಲ್ಲ. ತಮ್ಮ ಎರಡೂ ಅಂಗೈಗಳನ್ನು ನೋಡಿಕೊಂಡರು. “ನಾನೂ ಮೈಸೂರಲ್ಲಿ ಹಂಗೇ ಕಲ್ತಿದ್ದು ಕಣ್ರೀ. ಈ ಕೈ ಯಾವಾಗ ಮರೀತೋ, ನನಗೆ ಗೊತ್ತೇ ಆಗ್ಲಿಲ್ಲ.” ಆಮೇಲೆ ಎದ್ದು ಪ್ಯಾಂಟು ಕೊಡವಿದರು. “ತಗೊಂಡ್ಹೋಗಿ. ಅವರ ಕೈಗೆ ಅದೇ ಸರಿ, ಬದಲಾಯಿಸ್ಬೇಡಿ. ಬ್ರೇಕಂತೂ ಚೆನ್ನಾಗೇ ಹಿಡಿಯುತ್ತೆ.”

ಸೋಮವಾರ ನಾನು ಅರ್ಧ ದಿನ ರಜೆ ಹಾಕಿ, ಮೆರವಣಿಗೆಯ ವೇಗದಲ್ಲಿ ಕಾರಿನಲ್ಲಿ ಅವಳ ಹಿಂದೆಯೇ ಹೊರಟೆ. ಮೊದಲ ಸಿಗ್ನಲ್‌ನಲ್ಲಿ ಅವಳು ಒಂದಿಷ್ಟೂ ಅಲುಗದೆ ನಿಂತಳು. ತಿರುಗಿ ನೋಡಿದಳು.

“ರೀ, ಸೈಕಲ್ ಚೆನ್ನಾಗಿದೆ. ನೀವು ಹಿಂದೆ ಬಂದ್ರೇನೇ ಭಯ ಆಗೋದು. ಮನೆಗೆ ಹೋಗಿ.”

ಹಸಿರು ದೀಪ ಬಂತು. ಅವಳು ಹೋದಳು. ಹಿಂದಿನ ಕಾರುಗಳು ಹಾರ್ನ್ ಹೊಡೆಯುತ್ತಿದ್ದರೂ ಅವಳು ತಿರುವಿನಲ್ಲಿ ಮರೆಯಾಗುವವರೆಗೆ ನಾನು ಅಲ್ಲೇ ಬ್ರೇಕು ಒತ್ತಿ ಕುಳಿತಿದ್ದೆ.