ಗೊಸಾರಿ ಬೇಯಿಸಿದ ನೀರು

ಸೊಪ್ಪು ಬೇಯಿಸಿದ ನೀರನ್ನು ಚೆಲ್ಲುವವಳು ಸಂಸಾರ ಮಾಡಿದ ಹಾಗೇ ಎನ್ನುತ್ತಿದ್ದಳು ನಮ್ಮಮ್ಮ. ಮೈಸೂರಿನ ನಮ್ಮ ಮನೆಯಲ್ಲಿ ಸೊಪ್ಪಿಗಿಂತ ಬಸಿದ ನೀರಿಗೇ ಮರ್ಯಾದೆ ಹೆಚ್ಚು. ಸೊಪ್ಪು ಪಲ್ಯವಾಗಿ ತಟ್ಟೆಯ ಅಂಚಿಗೆ ಹೋಗುತ್ತಿತ್ತು, ನೀರು ಬಸ್ಸಾರಾಗಿ ಮುದ್ದೆಯ ಸುತ್ತ ನಿಲ್ಲುತ್ತಿತ್ತು. ಅಮ್ಮ ಹೋದ ಮೇಲೆ ಆ ಬಸ್ಸಾರು ನನಗೆ ಮತ್ತೆ ಸಿಕ್ಕಿಲ್ಲ. ಯೋಕೋಹಾಮಾದ ಈ ಪುಟ್ಟ ಅಡುಗೆಮನೆಯಲ್ಲಿ ಇಲ್ಲಿನ ಪಾಲಕ್, ಇಂಡಿಯನ್ ಅಂಗಡಿಯ ತೊಗರಿಬೇಳೆ ಹಾಕಿ ಎಷ್ಟೋ ಸಲ ಮಾಡಿದೆ. ಪ್ರತಿ ಸಲವೂ ನನ್ನ ಗಂಡ "ಚೆನ್ನಾಗಿದೆ ಕಣೇ" ಎಂದರು. ಆ ದನಿ ಕೇಳಿದರೇ ಗೊತ್ತಾಗುತ್ತಿತ್ತು, ಅಮ್ಮನ ರುಚಿ ಬಂದಿಲ್ಲ ಎಂದು.

ಈ ಹುಚ್ಚಿನಿಂದಲೇ ನಾನೊಮ್ಮೆ ಕೊರಿಯಾದ ಅಜ್ಜಿಯೊಬ್ಬರ ಕೈಲಿ ಬೈಸಿಕೊಂಡೆ.

ಅಜ್ಜಿ ನಮ್ಮ ಕೆಳಗಿನ ಮನೆಯಲ್ಲಿ ಒಬ್ಬರೇ ಇದ್ದರು. ಹುಟ್ಟಿದ್ದು ಜೆಜು ದ್ವೀಪದಲ್ಲಿ. ಚಿಕ್ಕ ಹುಡುಗಿಯಾಗಿದ್ದಾಗ ತಾಯಿಯ ಕೈ ಹಿಡಿದು ಜಪಾನಿಗೆ ಬಂದವರು. ತಮ್ಮನ್ನು 'ಹಾಲ್ಮೊನಿ' ಎಂದು ಕರೆಯಲು ಹೇಳಿದ್ದರು, ಅವರ ಭಾಷೆಯಲ್ಲಿ ಅಜ್ಜಿ. ನಾನು ಅವರಿಗೆ 'ಓಕುಸಾನ್', ಇಲ್ಲಿ ಮದುವೆಯಾದ ಹೆಂಗಸರನ್ನೆಲ್ಲ ಕರೆಯುವ ಹಾಗೆ. ಮಾತೆಲ್ಲ ಜಪಾನೀಸಿನಲ್ಲಿ. ನನ್ನದು ಹರಕುಮುರುಕು, ಅವರದು ಇಡೀ ಬೀದಿಗೆ ಕೇಳುವಂಥದ್ದು.

ಒಂದು ಶರತ್ಕಾಲದ ಬೆಳಿಗ್ಗೆ ಮೆಟ್ಟಿಲು ಹತ್ತಿ ಬಂದು ಬಾಗಿಲಲ್ಲೇ ನಿಂತು ಕೇಳಿದರು: "ಓಕುಸಾನ್, ಇವತ್ತು ಒಂದಿನ ನಿನ್ನ ನಾಲಿಗೆ ನಂಗೆ ಕೊಡ್ತೀಯಾ?"

ಕೊರೋನಾ ಬಂದು ಹೋದ ಮೇಲೆ ಅವರಿಗೆ ರುಚಿ, ವಾಸನೆ ಎರಡೂ ವಾಪಸ್ಸು ಬಂದಿರಲಿಲ್ಲ. ಅವತ್ತು ಅವರ ತಾಯಿಯ ತಿಥಿ. ಎಡೆಗೆ ಗೊಸಾರಿ ಆಗಲೇಬೇಕು. ಗೊಸಾರಿ ಎಂದರೆ ಇನ್ನೂ ಸುರುಳಿ ಬಿಚ್ಚದ ಜರೀಗಿಡದ ಎಳೆಯ ಕುಡಿ. ವಸಂತದಲ್ಲಿ ಕಿತ್ತು, ಬೇಯಿಸಿ, ಒಣಗಿಸಿ ಇಟ್ಟದ್ದು.

"ಅಂಗಡೀದು ತಂದಿಟ್ರೆ ಆಯ್ತಲ್ಲ ಅಂತಾಳೆ ಮಗಳು. ನಮ್ಮಮ್ಮ ಅದನ್ನ ಮೂಸೂ ನೋಡಲ್ಲ. ಅವಳ ರುಚಿ ನನ್ನ ಜೊತೆಗೇ ಮುಗಿದುಹೋಗತ್ತೆ ಅಂತ ಭಯ," ಎಂದರು ಅಜ್ಜಿ.

ಅವರ ಜೊತೆ ಕೆಳಗಿಳಿದು ಹೋದಾಗ, ಹಿಂದಿನ ದಿನವೇ ನೆನೆಹಾಕಿದ್ದ ಗೊಸಾರಿ ಒಲೆಯ ಮೇಲೆ ಕುದಿಯುತ್ತಿತ್ತು. ನೀರು ಕಂದು ಬಣ್ಣಕ್ಕೆ ತಿರುಗಿ ಮಂದವಾಗಿತ್ತು. ಹುರುಳಿ ಬಸಿದ ನೀರೇ ಅದು, ಅದೇ ಬಣ್ಣ! ಅಜ್ಜಿ ಎಳ್ಳೆಣ್ಣೆ ಹುಡುಕಲು ಆ ಕಡೆ ತಿರುಗಿದ್ದೇ ತಡ, ನಾನು ಒಂದು ಬಟ್ಟಲು ಬಸಿದು ಪಕ್ಕಕ್ಕಿಟ್ಟೆ. ಮನೆಗೆ ಒಯ್ದು ಒಂದಿಷ್ಟು ಖಾರ ರುಬ್ಬಿ ಹಾಕಿದರೆ ಎಂದು ಬಾಯಲ್ಲಿ ನೀರೂರಿತ್ತು.

"ದಾಮೆ! ದಾಮೆ!" ಅಜ್ಜಿಯ ಕೂಗಿಗೆ ಬಟ್ಟಲು ಬೀಳುವುದೊಂದು ಬಾಕಿ. ಬೇಡ, ಮುಟ್ಟಬೇಡ ಎಂದು. "ಜರೀಗಿಡದ ವಿಷವೆಲ್ಲ ಈ ನೀರಲ್ಲಿರತ್ತೆ. ಯಾರಾದ್ರೂ ಕುಡೀತಾರಾ ಇದನ್ನ?"

ಸಿಂಕಿಗೆ ಸುರಿದೇಬಿಟ್ಟರು. ನೀರು ಸುತ್ತುತ್ತಾ ಇಳಿದುಹೋಗುವುದನ್ನು ನೋಡಿ, ನಗೆಪಾಟಲಿನ ಮಾತು, ನನ್ನ ಕಣ್ಣು ತುಂಬಿಬಂತು. ಏನಾಯಿತೆಂದು ಕೇಳಿದರು. ಬಸ್ಸಾರನ್ನು ಜಪಾನೀಸಿನಲ್ಲಿ ಹೇಗೆ ಹೇಳುವುದು? "ಚೆಲ್ಲುವ ನೀರಿನಲ್ಲಿ ನಮ್ಮಮ್ಮ ಸಾರು ಮಾಡ್ತಿದ್ದಳು. ಈಗ ಅಮ್ಮ ಇಲ್ಲ, ಸಾರೂ ಇಲ್ಲ," ಎಂದಷ್ಟೇ ಹೇಳಿದೆ. ಅಜ್ಜಿ ನನ್ನ ಮುಂದೆ ಗೊಸಾರಿ ಇಟ್ಟು, ಗಟ್ಟಿ ತುದಿಗಳನ್ನು ಮುರಿದುಹಾಕಲು ಹೇಳಿದರು.

ಮತ್ತೆ ಮತ್ತೆ ನೀರು ಬದಲಿಸಿ ನೆನೆಸಿ, ಹಿಂಡಿ, ಸೋಯಾ ಸಾಸು, ಎಳ್ಳೆಣ್ಣೆ ಹಾಕಿ ಬರಿಗೈಯಲ್ಲಿ ಕಲೆಸಿದರು. ಚಮಚ ಕೊಡಹೋದರೆ ಬೇಡವೆಂದರು. ಕೈರುಚಿ ಎಂಬ ಮಾತು ಅವರ ಭಾಷೆಯಲ್ಲೂ ಹಾಗೇ ಇದೆಯಂತೆ. ತಿಥಿಯ ಅಡುಗೆಯೆಂದು ಬೆಳ್ಳುಳ್ಳಿ ಹಾಕಲಿಲ್ಲ. ಬಾಣಲೆಯಲ್ಲಿ ಬಾಡಿಸಿ, ಸ್ವಲ್ಪ ನೀರು ಚಿಮುಕಿಸಿ ಮುಚ್ಚಿದರು. ಆಮೇಲೆ ಶುರುವಾಯಿತು ನನ್ನ ನಾಲಿಗೆಯ ಪರೀಕ್ಷೆ.

"ದನದ ಮಾಂಸದ ಹಾಗಿದೆಯಾ?"

"ನಾನು ಮಾಂಸ ತಿಂದೇ ಇಲ್ಲ, ಹಾಲ್ಮೊನಿ."

"ಅಯ್ಯೋ, ಇದಕ್ಕೆ ಬೆಟ್ಟದ ಮಾಂಸ ಅಂತಾರಲ್ಲೇ! ಹೋಗಿ ಹೋಗಿ ಎಂಥಾ ನಾಲಿಗೆ ಹುಡುಕಿದೆ ನಾನು!" ಎಂದು ಹಣೆ ಚಚ್ಚಿಕೊಂಡರು. ಇಬ್ಬರೂ ನಕ್ಕೆವು. "ಹೋಗಲಿ, ಮಳೆ ವಾಸನೆ ಬರತ್ತಾ?"

ಜೆಜುವಿನಲ್ಲಿ ಗೊಸಾರಿ ಚಿಗುರುವ ಹೊತ್ತಿನ ಮಳೆಗೆ ಗೊಸಾರಿ ಮಳೆ ಎಂದೇ ಹೆಸರಂತೆ. ಆ ಹೊತ್ತಿಗೆ ನಮ್ಮಲ್ಲಿ ಭರಣಿ ಮಳೆ ಎಂದೆ. ಅಲ್ಲೂ ಮಳೆಗೆ ಹೆಸರಿಡುತ್ತಾರಾ ಎಂದು ಅವರಿಗೆ ಖುಷಿಯಾಯಿತು. ಇನ್ನಷ್ಟು ಸೋಯಾ ಬೇಕೆಂದೆ, ಹಾಕಿದರು. ಇನ್ನೂ ಬೇಯಲಿ ಎಂದೆ, ಮುಚ್ಚಿದರು. ಮತ್ತೆ ಒಂದೆಳೆ ಬಾಯಿಗಿಟ್ಟುಕೊಂಡೆ. ಮೆತ್ತಗೆ ಜಾರಿ, ಗಂಟಲ ಬುಡದಲ್ಲಿ ಒಂದಿಷ್ಟೇ ಕಹಿ ಬಿಟ್ಟು ಹೋಯಿತು. ಬಸ್ಸಾರಿಗೂ ಅದಕ್ಕೂ ಅಜಗಜಾಂತರ. ಆದರೂ ನಮ್ಮಮ್ಮ ಸಾರಿನ ಪಾತ್ರೆಯ ಮುಚ್ಚಳ ತೆಗೆದು ನನ್ನ ಕಡೆ ತಿರುಗಿದಂತಾಯಿತು. ಚಾಪ್‌ಸ್ಟಿಕ್ ಕೆಳಗಿಟ್ಟೆ.

ಅಜ್ಜಿ ನನ್ನ ಮುಖವನ್ನೇ ನೋಡುತ್ತಿದ್ದರು. "ನಿಮ್ಮಮ್ಮ ನೆನಪಾದ್ಲಾ?"

"ಹೂಂ."

"ಹಾಗಾದ್ರೆ ಸರಿಯಾಗಿದೆ. ಒಲೆ ಆರಿಸು."

ಮರುವರ್ಷ ಅವರನ್ನು ಮಗಳು ಫುಕುವೋಕಾಕ್ಕೆ ಕರೆದುಕೊಂಡು ಹೋದಳು. ಕೆಳಗಿನ ಮನೆಗೆ ಬಂದ ಗಂಡಹೆಂಡತಿ ತುಂಬ ಒಳ್ಳೆಯವರು, ಸದ್ದೇ ಇಲ್ಲ. ಆ ಸದ್ದಿಲ್ಲದ್ದೇ ನನಗೆ ಸಂಕಟ. ಮೆಟ್ಟಿಲಿಳಿಯುವಾಗ ಎಳ್ಳೆಣ್ಣೆಯ ವಾಸನೆಗೆ ಈಗಲೂ ಮೂಗು ಕಾಯುತ್ತದೆ.

ಈ ಸಲದ ಶರತ್ಕಾಲದಲ್ಲಿ ಆ ಮಗಳ ಫೋನು ಬಂತು. ವಸಂತದಲ್ಲಿ ಅಮ್ಮ ತೀರಿಕೊಂಡರು ಎಂದಳು. ನಾನು ಗೋಡೆಗೆ ಒರಗಿ ಕೂತೆ. ಅವಳೇ ಮುಂದುವರಿಸಿದಳು: "ಸುಮಿಮಾಸೆನ್, ಕ್ಷಮಿಸಿ, ಇವತ್ತು ಅಮ್ಮನ ತಾಯಿಯ ತಿಥಿ, ಗೊಸಾರಿ ನಿನ್ನೆಯೇ ನೆನೆಹಾಕಿದೀನಿ. ಈ ಸಲ ಅಮ್ಮಂಗೂ ಸೇರಿಸಿ ಎಡೆ ಇಡ್ತಿದೀನಿ. ರುಚಿ ಯೋಕೋಹಾಮಾದ ಓಕುಸಾನ್ ಹತ್ರ ಇದೆ, ಅವಳನ್ನ ಕೇಳು ಅಂದಿದ್ರು ಅಮ್ಮ."

ಹೇಳಿಕೊಟ್ಟೆ. ಬೇಯಿಸಿದ ನೀರು ಎಷ್ಟೇ ಆಸೆಯಾದರೂ ಚೆಲ್ಲಿಬಿಡಿ ಎಂದೆ. ಅದಕ್ಕೆ ಯಾರು ಆಸೆ ಪಡ್ತಾರೆ ಎಂದಳು. ಕೈಯಲ್ಲೇ ಕಲೆಸಲು ಹೇಳಿದೆ. ಸಂಜೆ ಮತ್ತೆ ಫೋನು ಮಾಡಿ, ಅದನ್ನು ಬಾಣಲೆಯ ಪಕ್ಕ ಇಟ್ಟಳು. ಚುಂಯ್ ಎನ್ನುವುದು ಇಲ್ಲಿಗೆ ಕೇಳಿತು. ರುಚಿ ನೋಡಿ, "ಬರೀ ಸೊಪ್ಪು ತಿಂದ ಹಾಗಿದೆ. ಸರಿ ಬಂತೋ ಇಲ್ವೋ ನಂಗೆ ಹೇಗೆ ಗೊತ್ತಾಗಬೇಕು?" ಎಂದಳು.

"ಇನ್ನು ಸ್ವಲ್ಪ ಸೋಯಾ ಹಾಕಿ. ಮುಚ್ಚಿಡಿ."

ಕಾದೆ. ಮುಚ್ಚಳ ತೆಗೆದ ಸದ್ದಾಯಿತು. ಒಂದೆಳೆ ಬಾಯಿಗಿಟ್ಟುಕೊಂಡಿರಬೇಕು. ಮೂಗು ಎಳೆದುಕೊಳ್ಳುವುದು ಮಾತ್ರ ಕೇಳಿಸಿತು.

"ಅಮ್ಮ ನೆನಪಾದ್ರಾ?" ಎಂದು ಕೇಳಿದೆ.

"ಹೂಂ."

"ಹಾಗಾದ್ರೆ ಒಲೆ ಆರಿಸಿ," ಎಂದೆ.