ಎಣ್ಣೆ ಮಿಲ್ಲಿನಲ್ಲಿ ಭಾವ ಹಾಡಿದ್ದು

ಮೊದಲು ನನ್ನ ತಪ್ಪನ್ನು ಹೇಳಿಬಿಡುತ್ತೇನೆ. ನಾನು ಅಜ್ಜಂಪುರದ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುವವಳು. ಪ್ರತಿ ವರ್ಷ ಮೂರು ಪಿನ್ನಿನ ಪ್ಲಗ್ಗಿನ ಚಿತ್ರವನ್ನು ಬೋರ್ಡಿನ ಮೇಲೆ ಬರೆದು, ಅರ್ಥಿಂಗಿನ ಹಸಿರು ವೈರು ಯಾಕೆ ಬೇಕು ಎಂದು ಮಕ್ಕಳ ಬಾಯಿಂದ ಹೇಳಿಸುತ್ತೇನೆ. ಆ ಹಸಿರು ವೈರನ್ನು ನನ್ನ ಕಣ್ಣೆದುರಿಗೆ ಬಿಚ್ಚಿದರು. ನಾನು ಸುಮ್ಮನೆ ಕೂತಿದ್ದೆ.

ಭಾವ ಎಂದರೆ ನನ್ನ ಅಕ್ಕನ ಗಂಡ. ಮನೆ ಕಡೂರಿನಲ್ಲಿ, ಕೆಲಸ ಬೀರೂರು ಸ್ಟೇಷನ್ನಿನ ಟಿಕೆಟ್ ಕೌಂಟರಿನಲ್ಲಿ. ಕಾಲೇಜಿನ ದಿನಗಳಿಂದಲೂ ಅವರದೊಂದು ರಾಕ್ ಬ್ಯಾಂಡ್ ಇದೆ. ಭಾವ ಗಿಟಾರ್ ಹಿಡಿದು ಹಾಡುತ್ತಾರೆ. ಡ್ರಮ್ಸ್ ಬಾರಿಸುವವರಿಗೆ ತರೀಕೆರೆ ಬಸ್ ಸ್ಟ್ಯಾಂಡಿನ ಹಿಂದೆ ಪಂಪ್‌ಸೆಟ್ ಮೋಟರ್ ರಿವೈಂಡಿಂಗ್ ಅಂಗಡಿಯಿದೆ. ಬೇಸ್ ಗಿಟಾರಿನವರು ಬುಕ್ಕಾಂಬುಧಿ ಕೆರೆಯ ಕೆಳಗೆ ಗದ್ದೆ ಮಾಡಿಕೊಂಡಿರುವವರು. ಮೂವತ್ತು ವರ್ಷ ಈ ಮೂವರೂ ಆರತಕ್ಷತೆಗಳಲ್ಲಿ, ಗಣಪತಿ ಪೆಂಡಾಲುಗಳಲ್ಲಿ ಹಳೆಯ ಇಂಗ್ಲಿಷ್ ಹಾಡುಗಳನ್ನು ಬಾರಿಸಿದ್ದಾರೆ. ಎರಡು ಹಾಡು ಮುಗಿಯುವಷ್ಟರಲ್ಲಿ ಸಿನಿಮಾ ಹಾಡು ಹಾಕಿ ಎಂದು ಚೀಟಿ ಬರುತ್ತಿತ್ತು. ತಮ್ಮದು ಎನ್ನುವ ಒಂದು ಹಾಡನ್ನು ಅವರು ಯಾವತ್ತೂ ಮಾಡಿರಲಿಲ್ಲ.

ಹೋದ ವರ್ಷ ಭಾವನ ದನಿ ಒಡೆಯತೊಡಗಿತು. ಶಿವಮೊಗ್ಗದಲ್ಲಿ ತೋರಿಸಿದಾಗ ಧ್ವನಿತಂತುವಿನ ಮೇಲೆ ಗಂಟು ಬೆಳೆದಿದೆ, ತೆಗೆಯಲೇಬೇಕು ಎಂದರು. ತೆಗೆದ ಮೇಲೆ ಮಾತು ಬರುತ್ತದೆ, ಆದರೆ ಇದೇ ದನಿ ಬರುತ್ತದೆ ಎಂದು ಭರವಸೆ ಕೊಡಲಾರೆವು ಎಂದೂ ಹೇಳಿದರು. ಆಪರೇಷನ್ನಿಗೆ ಮೂರು ವಾರ ಇತ್ತು. ಶಿವಮೊಗ್ಗದಿಂದ ಬಂದ ಸಂಜೆಯೇ ಭಾವ ಉಳಿದಿಬ್ಬರಿಗೂ ಫೋನ್ ಮಾಡಿ, ಗಂಟಲು ಇರುವಾಗಲೇ ಒಂದು ಹಾಡು ಮಾಡಿಬಿಡೋಣ ಎಂದರಂತೆ.

ಹಾಡು ಹುಟ್ಟುವುದನ್ನು ನಾನು ನೋಡಿದ್ದು ಅಕ್ಕನ ಮನೆಯ ಹಿತ್ತಿಲಲ್ಲಿ. ಬೇಸಿನವರು ನಾಲ್ಕು ಸ್ವರಗಳ ಒಂದು ತುಂಡನ್ನು ತಂದರು. ಅದು ಮೇಲೆ ಹತ್ತಿ, ಇಳಿಯುವ ಮೊದಲು ಒಂದು ಕ್ಷಣ ನಿಲ್ಲುತ್ತಿತ್ತು. ಡ್ರಮ್ಸಿನವರು ಅದನ್ನು ಕೇಳಿ ಬಕೆಟ್ ಬೋರಲು ಹಾಕಿ ಬಡಿದರು. ಪ್ರತಿ ಏಳನೆಯ ಏಟನ್ನು ಬೇಕೆಂದೇ ತಪ್ಪಿಸುತ್ತಿದ್ದರು. ಬೇರಿಂಗ್ ಹೋದ ಮೋಟರು ಹೀಗೆಯೇ ಓಡುತ್ತದೆ, ಅಂಗಡಿಯಲ್ಲಿ ದಿನಾ ಕೇಳುತ್ತೇನೆ ಎಂದರು. ಮಾತು ಕೂಡಿಸುವುದಕ್ಕೆ ನನ್ನನ್ನು ಕರೆದಿದ್ದರು. ನಾನು ಎರಡು ಪುಟ ಬರೆದುಕೊಂಡು ಹೋಗಿದ್ದೆ. ಅದರಲ್ಲಿ ದಿಗಂತವಿತ್ತು, ನೀರವತೆಯಿತ್ತು. ಭಾವ ಓದಿ ಪುಟ ಮಡಿಸಿ ಕೈಗೆ ವಾಪಸ್ ಕೊಟ್ಟರು.

"ಚೆನ್ನಾಗೈತೆ ಕಣಮ್ಮ. ಆದ್ರೆ ಇದನ್ನ ಹಾಡಕ್ಕೆ ಇನ್ನೊಂದು ಗಂಟಲು ಬೇಕು. ನನ್ ಹತ್ರ ಇರೋ ಒಂದೂ ಕೆಟ್ಟೋಗೈತೆ."

ಆಮೇಲೆ ಅವರೇ ಮಾತು ಹುಡುಕಿದರು. ಕೌಂಟರಿನ ಕಿಂಡಿಗೆ ಓಡಿ ಬರುವವರು ಏದುಸಿರಿನಲ್ಲಿ ಕೇಳುವ ಪ್ರಶ್ನೆ ಒಂದೇ, ಗಾಡಿ ಹೋಯ್ತಾ ಅಂತ. ಅದನ್ನೇ ಪಲ್ಲವಿ ಮಾಡಿದರು. ಇಪ್ಪತ್ತಾರು ವರ್ಷ ಆ ಕಿಂಡಿಯ ಒಳಗೆ ಕೂತವರು ಈಗ ಹೊರಗೆ ನಿಂತು ಕೇಳುತ್ತಿದ್ದಾರೆ ಎಂದು ನನಗೆ ಆಗ ಹೊಳೆಯಿತು. ನನ್ನ ಎರಡು ಪುಟದಲ್ಲಿ ಒಂದೇ ಸಾಲು ಉಳಿಯಿತು.

ರೆಕಾರ್ಡ್ ಮಾಡಲು ಬೀರೂರಿನ ಹೊರಗಿನ ಒಂದು ಮುಚ್ಚಿದ ಎಣ್ಣೆ ಮಿಲ್ಲನ್ನು ಹಿಡಿದರು. ಎತ್ತರದ ತಗಡಿನ ಮಾಡು, ದಪ್ಪ ಗೋಡೆ, ಒಳಗೆ ಕಾಲಿಟ್ಟರೆ ಇನ್ನೂ ಕೊಬ್ಬರಿ ಹಿಂಡಿಯ ವಾಸನೆ. ದನಿ ಅಲ್ಲಿ ದುಂಡಗೆ ಕೇಳುತ್ತಿತ್ತು. ಬೇಸಿನವರು ತಮ್ಮ ಲ್ಯಾಪ್‌ಟಾಪಿಗೆ ಮೈಕುಗಳನ್ನು ಜೋಡಿಸಿದರು. ಆಪರೇಷನ್ನಿಗೆ ಇನ್ನು ನಾಲ್ಕು ದಿನ ಇತ್ತು. ಭಾನುವಾರ ಬೆಳಿಗ್ಗೆ ಒಂಬತ್ತಕ್ಕೆ ಶುರು ಮಾಡಿದರು.

ಎರಡು ತೊಂದರೆ ಎದುರಾದವು. ಪಲ್ಲವಿಯ ತುದಿಯಲ್ಲಿ ದನಿ ಮೇಲೆ ಹೋಗಬೇಕಾದ ಕಡೆ ಭಾವನ ಗಂಟಲು ಪ್ರತಿ ಸಲವೂ ಸೀಳುತ್ತಿತ್ತು. ಎರಡನೆಯದು, ಸ್ಪೀಕರಿನಿಂದ ಬಿಡದೆ ಬರುತ್ತಿದ್ದ ಗುಂಯ್ ಎನ್ನುವ ಸದ್ದು. ಗಿಟಾರಿನ ಹಳೆಯ ಆಂಪ್ಲಿಫೈಯರಿಗೆ ಒಂದು ಗೋಡೆಯ ಪ್ಲಗ್ಗು, ಮೈಕು ಲ್ಯಾಪ್‌ಟಾಪುಗಳಿಗೆ ಎದುರು ಗೋಡೆಯದು. ಎರಡು ಕಡೆಯ ಅರ್ಥಿಂಗ್ ಒಂದಕ್ಕೊಂದು ಹೊಂದದಿದ್ದರೆ ಹೀಗಾಗುತ್ತದೆ. ಏಳು ಸಲ ಹಾಡಿದರು. ಏಳರಲ್ಲೂ ಗುಂಯ್.

ಡ್ರಮ್ಸಿನವರು ಕೋಲು ಕೆಳಗಿಟ್ಟು, ಸ್ಕ್ರೂ ಡ್ರೈವರ್ ತೆಗೆದುಕೊಂಡು ಆಂಪ್ಲಿಫೈಯರಿನ ಪ್ಲಗ್ಗನ್ನು ಬಿಚ್ಚಿದರು. ಬೇಸಿನವರು ಬೇಡವೇನೋ ಎಂದು ಅನುಮಾನಿಸಿದರು.

"ಲೇ, ನಿನ್ ಪಂಪ್‌ಸೆಟ್‌ಗೆ ಅರ್ಥಿಂಗ್ ಐತೇನೋ?"

"ಇಲ್ಲ."

"ನೀನು ಸತ್ತಿದೀಯೇನೋ?"

ಎಲ್ಲರೂ ನಕ್ಕರು. ನಾನೂ ನಕ್ಕೆ. ನಮ್ಮ ಕಡೆ ಸಿಂಗಲ್ ಫೇಸಿನಲ್ಲಿ ಕಂಡೆನ್ಸರ್ ಕಟ್ಟಿ ತ್ರೀ ಫೇಸ್ ಮೋಟರ್ ಓಡಿಸುವವರಿದ್ದಾರೆ. ಹಸಿರು ವೈರು ಅಂಥವರಿಗೆ ಒಂದು ಅಲಂಕಾರ. ಅವರು ಅದನ್ನು ಎಳೆದು ಹೊರಗೆ ಬಾಗಿಸಿದರು. ಪ್ಲಗ್ಗು ಹಾಕಿದಾಗ ಗುಂಯ್ ನಿಂತಿತು. ಮಿಲ್ಲಿನೊಳಗೆ ಮಾಡಿನ ಮೇಲಿನ ಪಾರಿವಾಳದ ಗುಟುರು ಕೂಡ ಕೇಳಿಸುವಷ್ಟು ಶಾಂತವಾಯಿತು. ಆ ಶಾಂತಿ ಎಷ್ಟು ಹಿತವಾಗಿತ್ತೆಂದರೆ ನಾನು ಬಾಯಿ ತೆರೆಯಲಿಲ್ಲ.

ಎಂಟನೆಯ ಸಲ ಭಾವ ತುಂಬ ಚೆನ್ನಾಗಿ ಹಾಡಿದರು. ಎತ್ತರದ ಜಾಗ ಹತ್ತಿರ ಬಂದಾಗ ಎಡಗೈ ತಂತಿಗಳ ಮೇಲೆ ಬಿಗಿಯಾಗಿತ್ತು, ತುಟಿ ಮೈಕಿನ ಜಾಲರಿಗೆ ತಾಗಿತು. ಗಿಟಾರಿನ ಸ್ವರ ಹಾಗೇ ನಿಂತಿತು. ದನಿ ಇಲ್ಲ. ಕುತ್ತಿಗೆ ಹಿಂದಕ್ಕೆ ಬಾಗಿತ್ತು. ಆಹಾ, ಸ್ವರವನ್ನು ಎಷ್ಟು ಹೊತ್ತು ಹಿಡಿದಿದ್ದಾರೆ ಎಂದು ನಾನು ಮೆಚ್ಚುತ್ತ ಕೂತಿದ್ದೆ. ಡ್ರಮ್ಸಿನವರೂ ಹಾಗೆಯೇ ತಿಳಿದು ಬಾರಿಸುತ್ತಲೇ ಇದ್ದರು. ಎಷ್ಟು ಸೆಕೆಂಡೋ. ರೆಕಾರ್ಡಿಂಗ್ ನೋಡಿದರೆ ಗೊತ್ತಾಗುತ್ತದೆ, ನಾನು ನೋಡಿಲ್ಲ. ಆಮೇಲೆ ಭಾವನ ಕಣ್ಣು ಕಂಡಿತು.

ಬೇಸಿನವರು ಅವರನ್ನು ಹಿಡಿಯಲು ನುಗ್ಗಿದರು. "ಮುಟ್ಬ್ಯಾಡ," ಎಂದು ಡ್ರಮ್ಸಿನವರು ಕೂಗಿದ್ದೇ ನನ್ನನ್ನು ಎಬ್ಬಿಸಿತು. ಮೇನ್ ಸ್ವಿಚ್ಚು ನನ್ನ ಭುಜದ ಹತ್ತಿರವೇ ಇತ್ತು. ಅದರ ಹಿಡಿಯನ್ನು ಕೆಳಗೆಳೆದೆ. ಭಾವ ನಿಂತಲ್ಲೇ ಕುಸಿದರು. ಈಗಲೂ ತರಗತಿಯಲ್ಲಿ, ಬಸ್ಸಿನಲ್ಲಿ, ನನ್ನ ಬಲಗೈ ತಾನಾಗಿ ಏನನ್ನೋ ಕೆಳಗೆ ಎಳೆಯುತ್ತದೆ.

ಪ್ರಜ್ಞೆ ಇತ್ತು. ತುಟಿಯ ಮೇಲೆ ಒಂದು ಬಿಳಿ ಬೊಕ್ಕೆ, ಬೆರಳ ತುದಿಗಳಲ್ಲಿ ತಂತಿಯ ಗೆರೆ. ಆಟೋದಲ್ಲಿ ಆಸ್ಪತ್ರೆಗೆ ಕರೆದೊಯ್ದೆವು. ಇಸಿಜಿ ತೆಗೆದು, ಎರಡು ಗಂಟೆ ಮಲಗಿಸಿ, ಎದೆಗೇನೂ ಆಗಿಲ್ಲ ಎಂದರು. ಮತ್ತೆ ಇಂಥ ಕೆಲಸಕ್ಕೆ ಕೈ ಹಾಕಬೇಡಿ ಎಂದು ಡಾಕ್ಟರು ಬೈದರು. ಡ್ರಮ್ಸಿನವರು ವಾರ್ಡಿನ ಹೊರಗೆ ಗೋಡೆಗೆ ಮುಖ ಮಾಡಿ ನಿಂತಿದ್ದರು. ಭಾವ ಎದ್ದು ಬಂದವರೇ ಅವರ ಬೆನ್ನಿಗೆ ಮೆಲ್ಲಗೆ ಗುದ್ದಿದರು.

"ನಡಿಯಪ್ಪ, ಆ ವೈರು ಹಾಕು. ಗುಂಯ್ ಅಂದ್ರೆ ಅನ್ಲಿ."

ಅಕ್ಕನಿಗೆ ಫೋನ್ ಮಾಡುತ್ತೇನೆ ಎಂದೆ. ಮಾಡು, ಆದರೆ ಹಾಡು ಮುಗಿದ ಮೇಲೆ ಎಂದರು. ಅಡ್ಡ ನಿಲ್ಲಬೇಕಿತ್ತು. ಎರಡನೆಯ ಸಲವೂ ನಾನು ಸುಮ್ಮನಾದೆ.

ಮಿಲ್ಲಿಗೆ ಬಂದು ಡ್ರಮ್ಸಿನವರು ಆಂಪ್ಲಿಫೈಯರಿನ ಬೆನ್ನು ಬಿಚ್ಚಿದರು. ಒಳಗೆ ಒಂದು ವೈರಿನ ಹೊದಿಕೆ ಸೀಳಿ, ಕರೆಂಟು ಡಬ್ಬಕ್ಕೆ ಸೋರುತ್ತಿತ್ತು. ಇಷ್ಟು ದಿನ ಆ ಸೋರಿಕೆಯನ್ನು ಸದ್ದಿಲ್ಲದೆ ನೆಲಕ್ಕೆ ಒಯ್ಯುತ್ತಿದ್ದದ್ದು ಹಸಿರು ವೈರೇ. ಅದು ಇಲ್ಲದಾಗ ಕರೆಂಟು ಗಿಟಾರಿನ ತಂತಿಯಿಂದ ಭಾವನ ಮೈಯಲ್ಲಿ ಹಾದು ಮೈಕಿಗೆ ಇಳಿದಿತ್ತು. ಅವರು ಹೊಸ ವೈರು ಹಾಕಿ, ಅರ್ಥಿಂಗ್ ಕೊಟ್ಟು, ಟೆಸ್ಟರ್ ಹಿಡಿದು ತಂತಿ, ಮೈಕು, ಡಬ್ಬ ಎಲ್ಲವನ್ನೂ ಮುಟ್ಟಿ ನೋಡಿದರು. ಕೊನೆಗೆ ತಾವೇ ಒಂದು ಕೈಯಲ್ಲಿ ಗಿಟಾರ್, ಇನ್ನೊಂದರಲ್ಲಿ ಮೈಕು ಹಿಡಿದು ಕಣ್ಣು ಮುಚ್ಚಿ ನಿಂತರು. ಏನೂ ಆಗಲಿಲ್ಲ. ಗುಂಯ್ ವಾಪಸ್ ಬಂದಿತ್ತು.

ಬೇಸಿನವರು ಕಿವಿಯನ್ನು ಸ್ಪೀಕರಿಗೆ ಒಡ್ಡಿ ಬಹಳ ಹೊತ್ತು ಕೂತರು. ಆಮೇಲೆ ತಮ್ಮ ಗಿಟಾರಿನ ಬಿರಡೆಗಳನ್ನು ನಿಧಾನವಾಗಿ ಸಡಿಲಿಸುತ್ತ ಹೋದರು. ಒಂದು ಕಡೆ ಬಂದಾಗ ಅವರ ತಂತಿಯೂ ಆ ಗುಂಯ್‌ಕಾರವೂ ಬೆರೆತು ಒಂದೇ ಆದವು. ಬೆಳಿಗ್ಗೆಯಿಂದ ನಾವು ಕೊಲ್ಲಲು ನೋಡಿದ ಸದ್ದು ತಂಬೂರಿಯ ಹಾಗೆ ಶ್ರುತಿಯಾಗಿ ನಿಂತುಬಿಟ್ಟಿತು. ಭಾವ ಏನನ್ನೂ ಕೇಳದೆ ತಮ್ಮ ಗಿಟಾರನ್ನೂ ಅದಕ್ಕೆ ಇಳಿಸಿಕೊಂಡರು. ಹಾಡಿನ ಶ್ರುತಿ, ಗಿಟಾರಿನ ಲೆಕ್ಕದಲ್ಲಿ, ಹೆಚ್ಚೂಕಡಿಮೆ ಎರಡು ಮನೆ ಕೆಳಗೆ ಬಂತು. ಗಂಟಲು ಸೀಳುತ್ತಿದ್ದ ಆ ಎತ್ತರದ ಜಾಗ ಈಗ ಅವರ ಕೈಗೆಟುಕುವಂತಿತ್ತು. ಮೂವತ್ತು ವರ್ಷದ ಅಭ್ಯಾಸದಲ್ಲಿ ಇದು ಯಾರಿಗೂ ಹೊಳೆದಿರಲಿಲ್ಲ. ಬೇರೆಯವರ ಹಾಡನ್ನು ಬೇರೆಯವರ ಶ್ರುತಿಯಲ್ಲೇ ಹಾಡಬೇಕೆಂದು ಅವರು ನಂಬಿದ್ದರು, ತಮ್ಮದನ್ನೂ ಹಾಗೆಯೇ ಎತ್ತರಕ್ಕೆ ಕಟ್ಟಿಕೊಂಡಿದ್ದರು.

ಒಂದೇ ಸಲ ಹಾಡಿದರು. ಬೊಕ್ಕೆ ಎದ್ದ ತುಟಿಯನ್ನು ಮೈಕಿನಿಂದ ಗೇಣು ದೂರ ಇಟ್ಟುಕೊಂಡು ಹಾಡಿದರು. ಆ ದೂರದಲ್ಲಿ ಅವರ ಉಸಿರು, ಮಿಲ್ಲಿನ ಗೋಡೆ, ತಗಡು ಎಲ್ಲವೂ ದನಿಯೊಳಗೆ ಸೇರಿಕೊಂಡವು. ನಾನು ಕೈಯನ್ನು ಮೇನ್ ಸ್ವಿಚ್ಚಿನ ಮೇಲೆ ಇಟ್ಟುಕೊಂಡೇ ನಿಂತಿದ್ದೆ. ಹಾಡು ಕೇಳುತ್ತ ಕಣ್ಣು ತುಂಬಿತು, ಆದರೂ ಕೈ ತೆಗೆಯಲಿಲ್ಲ.

ಗುರುವಾರ ಆಪರೇಷನ್ ಆಯಿತು. ತಿಂಗಳ ಮೇಲೆ ಭಾವನಿಗೆ ಮಾತು ಬಂತು. ದನಿ ತೆಳ್ಳಗೆ, ಒಣಗಿದ ಹಾಗೆ, ಯಾರದೋ ಎನ್ನುವ ಹಾಗೆ. ಕೌಂಟರಿನ ಕೆಲಸಕ್ಕೆ ಸಾಕು, ಹಾಡಲಾಗುವುದಿಲ್ಲ. ಅವತ್ತು ಮಿಲ್ಲಿನಲ್ಲಿ ನಡೆದದ್ದನ್ನು ನಾನು ಅಕ್ಕನಿಗೆ ಹೇಳಿರಲಿಲ್ಲ. ತುಟಿಯ ಗಾಯಕ್ಕೆ ಬಿಸಿ ಕಾಫಿ ಕಾರಣ ಎಂದಿದ್ದೆವು. ಮೊನ್ನೆ ಅಕ್ಕ ನನ್ನ ಫೋನಿನಲ್ಲಿ ಆ ಹಾಡನ್ನು ಕೇಳಿದಳು, ಅಡುಗೆಮನೆಯ ಕಟ್ಟೆಗೆ ಒರಗಿಕೊಂಡು. ಮುಗಿದ ಮೇಲೆ ಕೇಳಿದಳು:

"ಇವ್ರು ಯಾವ ಹಾಡನ್ನೂ ಇಷ್ಟ್ ಹುಷಾರಾಗಿ ಹಾಡಿಲ್ಲ ಕಣೇ. ಏನಾಗಿತ್ತು ಅವತ್ತು?"

ಎಲ್ಲ ಹೇಳಿದೆ, ಹಸಿರು ವೈರಿನಿಂದ ಹಿಡಿದು. ಅವಳು ಬೈಯಲಿಲ್ಲ. ಆಸ್ಪತ್ರೆಯಿಂದ ಬಂದ ಮೇಲಾದರೂ ಯಾಕೆ ತಡೆಯಲಿಲ್ಲ ಎಂದಷ್ಟೇ ಕೇಳಿದಳು. ಆ ದನಿ ಇನ್ನು ನಾಲ್ಕು ದಿನ ಮಾತ್ರ ಇತ್ತಲ್ಲ ಅಕ್ಕ ಎಂದೆ. ಅವಳು ಹಾಡನ್ನು ತನ್ನ ಫೋನಿಗೆ ಕಳಿಸೆಂದಳು, ಎಂಟನೆಯ ಸಲದ್ದನ್ನು ಅಳಿಸಿಹಾಕಲು ಬೇಸಿನವರಿಗೆ ಹೇಳು ಎಂದಳು.